ಅತ್ತಿಯ ಅಂಬಲಿ, ಸಾಹೇಬರ ಆಂಬಲೀ

ನಾನು ಓದಿದ್ದು ಗಡಹಿಂಗ್ಲಜದ ಕನ್ನಡ ಶಾಲೆಯಲ್ಲಿ, ನಾಲ್ಕನೇ ಇಯತ್ತೆಯ ತನಕ. ಅದನ್ನೂ ಪೂರ್ತಿ ಓದಲಿಲ್ಲ. ಆದರೆ ಇಚಲಕರಂಜಿಯಲ್ಲಿ ನಾನು ಖಾನಾವಳಿ ನಡೆಸುತ್ತಿದ್ದಾಗ ನನ್ನ ಅಡುಗೆಮನೆಯಲ್ಲಿದ್ದಷ್ಟು ಕಾನೂನು ಕೊಲ್ಹಾಪುರದ ಕೋರ್ಟಿನಲ್ಲೂ ಇದ್ದಿರಲಿಕ್ಕಿಲ್ಲ. ಬಾವಿಯ ನೀರು ಕುದಿಯದೆ ಕುಡಿಯುವ ಹರವಿಗೆ ಇಳಿಯುವಂತಿರಲಿಲ್ಲ. ಹಿತ್ತಾಳೆ ಪಾತ್ರೆಯ ಕಲಾಯಿ ಸವೆದು ಒಳಗೆ ಹಳದಿ ಕಂಡಿತೋ, ಕಲಾಯಿಯವನು ಬರುವ ತನಕ ಆ ಪಾತ್ರೆಗೆ ಹುಳಿಯ ಮುಖ ತೋರಿಸುವಂತಿರಲಿಲ್ಲ. ಕೆಮ್ಮು ಬಂದವರು ಹಿಟ್ಟು ಮುಟ್ಟುವಂತಿಲ್ಲ, ಅದು ನಾನೇ ಆದರೂ ಸರಿ. ಉಳಿದ ಅನ್ನ ನೇರವಾಗಿ ಎದುರು ಮನೆಯ ಎಮ್ಮೆಗೆ. ಆ ಎಮ್ಮೆ ನನ್ನ ಖಾನಾವಳಿಯ ಅತ್ಯಂತ ಹಳೆಯ ಗಿರಾಕಿ.

ಇದನ್ನೆಲ್ಲ ನಾನು ಕಲಿತದ್ದು ಕೊಲ್ಹಾಪುರದ ಒಂದು ಹೋಟೆಲಿನಲ್ಲಿ ಪಾತ್ರೆ ತಿಕ್ಕುತ್ತ. ಅಲ್ಲಿ ನಿನ್ನೆಯ ಕಾಳಿನ ಉಸಳಿಯ ಮೇಲೆ ಇಂದಿನ ಉಸಳಿ ಸುರುವಿ, ಮೇಲೆ ಕೆಂಪಗೆ ಖಾರದ ಎಣ್ಣೆ ಬಿಡುತ್ತಿದ್ದರು. ಯಾವ ಕಾಳು ಯಾವ ವಾರ ಬೆಂದದ್ದೆಂದು ಹೇಳಲು ಜಾತಕ ಬರೆಯುವವನೇ ಬೇಕಿತ್ತು. ನಾನು ಖಾನಾವಳಿ ಹಾಕಿದರೆ ಹೀಗೆ ಮಾಡಬಾರದೆಂದು ಆಗಲೇ ಮನಸ್ಸಿನಲ್ಲಿ ಗಟ್ಟಿ ಮಾಡಿಕೊಂಡಿದ್ದೆ. ಆಮೇಲೆ ಒಂಬತ್ತು ವರ್ಷ ಇಚಲಕರಂಜಿಯಲ್ಲಿ ಮಗ್ಗದ ಮುಂದೆ ನಿಂತು, ಕೂಡಿಟ್ಟು, ಖಾನಾವಳಿ ಹಾಕಿದೆ. ಉಣ್ಣಲು ಬರುತ್ತಿದ್ದವರೆಲ್ಲ ರಬಕವಿ, ತೇರದಾಳ, ಜಮಖಂಡಿ ಕಡೆಯ ಮಗ್ಗದ ಮಂದಿ. ‘ನನ್ನಲ್ಲಿ ಉಂಡವರ ಹೊಟ್ಟೆ ಕೆಟ್ಟದ್ದು ತೋರಿಸಿ’ ಎಂದು ಎದೆ ತಟ್ಟಿ ಹೇಳುತ್ತಿದ್ದೆ. ಸ್ವಲ್ಪ ಹೆಚ್ಚೇ ತಟ್ಟುತ್ತಿದ್ದೆ ಎಂದು ಈಗ ಅನ್ನಿಸುತ್ತದೆ.

ಅರವತ್ತರ ದಶಕದ ಒಂದು ಬೇಸಿಗೆ. ಹೆಂಡತಿ ಹೆರಿಗೆಗೆ ತವರಿಗೆ ಹೋಗಿದ್ದಳು. ಅಡುಗೆಗೆಂದು ಮುಧೋಳ ಕಡೆಯ ಹಳ್ಳಿಯಿಂದ ನನ್ನ ಅತ್ತಿ, ಅಂದರೆ ಅಪ್ಪನ ಅಕ್ಕ, ಬಂದಿದ್ದಳು. ಅವಳ ಕೈರುಚಿಗೆ ಎದುರಿರಲಿಲ್ಲ. ಮರಾಠಿ ಮಾತ್ರ ಅವಳ ಹತ್ತಿರ ಸುಳಿಯುತ್ತಿರಲಿಲ್ಲ. “ಅತ್ತಿ, ಮರಾಠಿ ಬರ್ತೈತೇನು?” ಎಂದು ಯಾರಾದರೂ ಕೇಳಿದರೆ, “ಬರ್ತೈತಿ, ನಿಂದರಂಗಿಲ್ಲ” ಎನ್ನುತ್ತಿದ್ದಳು.

ಅವಳು ಬಂದ ಮೂರನೇ ವಾರ, ನಮ್ಮಲ್ಲಿ ಉಣ್ಣುತ್ತಿದ್ದ ಮೂವರು ಮಗ್ಗದವರಿಗೆ ಒಟ್ಟಿಗೇ ವಾಂತಿಭೇದಿ ಹಿಡಿಯಿತು. ಡಾಕ್ಟರರ ಔಷಧದಿಂದ ಮರುದಿನ ಎದ್ದು ಕೂತರೇನೋ ಸರಿ, ಆದರೆ ಸುದ್ದಿ ಅವರಿಗಿಂತ ಮೊದಲೇ ಎದ್ದು ಓಣಿಯೆಲ್ಲ ಓಡಾಡಿತ್ತು. ಅದರ ಮರುದಿನ ನಗರಪಾಲಿಕೆಯ ಆರೋಗ್ಯ ಖಾತೆಯ ಸಾಹೇಬರು ಸೈಕಲ್ ಏರಿ ಬಂದರು. ಖಾನಾವಳಿಯ ಪರವಾನಗಿ ಉಳಿಯುವುದೂ ಹೋಗುವುದೂ ಅವರ ಒಂದು ಸಾಲಿನಲ್ಲಿತ್ತು.

ನಾನು ಹಿತ್ತಲಲ್ಲಿ ಬೂದಿ ಹಚ್ಚಿ ಹಂಡೆ ತಿಕ್ಕುತ್ತಿದ್ದೆ. ಒಳಗೆ ಸಾಹೇಬರು ಒಂದು ಗಡಿಗೆಯ ಮುಚ್ಚಳ ತೆಗೆದು ಮೂಗು ಹಿಂದಕ್ಕೆಳೆದುಕೊಂಡು ಕೇಳಿದ್ದು ಕಿವಿಗೆ ಬಿತ್ತು.

“ಹೇ ಕಾಯ್?”

ಇದೇನು ಎಂದು ಕೇಳುತ್ತಿದ್ದಾರೆ ಎನ್ನುವಷ್ಟು ಅತ್ತಿಗೆ ತಿಳಿಯಿತು. “ಅಂಬ್ಲಿ” ಎಂದಳು.

ಗಡಿಗೆಯಲ್ಲಿದ್ದದ್ದು ಜೋಳದ ಅಂಬಲಿಯೇ. ಆದರೆ ಮರಾಠಿಯಲ್ಲಿ ‘ಆಂಬಲೀ’ ಎಂದರೆ ‘ಹಳಸಿ ಹುಳಿ ಬಂದಿದೆ’ ಎಂದರ್ಥ. ಅಪರಾಧಿ ಇಷ್ಟು ಬೇಗ ಒಪ್ಪಿಕೊಳ್ಳುತ್ತಾಳೆಂದು ಸಾಹೇಬರು ಎಣಿಸಿರಲಿಲ್ಲ. ಯಾವಾಗ ಹಳಸಿತು ಎಂದು ತಿಳಿಯಲು ಅವರು ಕೇಳಿದರು:

“ಕಧೀ?”

“ಕಢೀ ಅಲ್ಲೋ ಯಪ್ಪಾ, ಅಂಬ್ಲಿ! ಮಜ್ಜಿಗಿ ಕಢಿಗೆ ಅರಿಷಿಣ ಹಾಕಿರ್ತಾರ. ಇದು ಬೆಳ್ಳಗೈತಿ, ಕಣ್ಣ ಕಾಣಂಗಿಲ್ಲೇನು?”

“ಕೋಣಾಲಾ ದೇತಾ?” ಯಾರಿಗೆ ಕೊಡುತ್ತೀರಿ ಎಂದರು ಸಾಹೇಬರು. ಅತ್ತಿಯ ಕಿವಿಗೆ ಬಿದ್ದದ್ದು ಕೋಣ ಮಾತ್ರ.

“ಕೋಣಕ್ಕ ಯಾಕ ಕೊಡೂಣು? ಮಂದೀಗೆ ಕೊಡ್ತೀವಿ! ದಿನಾ ಮಂದೀಗೆ ಕೊಡ್ತೀವಿ! ಮಗ್ಗದ ಮಂದೀಗೆ!”

‘ಮಂದಿ’ ಸಾಹೇಬರಿಗೆ ಗೊತ್ತಿದ್ದ ನಾಲ್ಕು ಕನ್ನಡ ಶಬ್ದಗಳಲ್ಲಿ ಒಂದು. ನಾನು ಬೂದಿಗೈಯಲ್ಲೇ ಒಳಗೆ ಓಡುವಷ್ಟರಲ್ಲಿ ಅವರು ಬರೆದಾಗಿತ್ತು: ಹಳಸಿದ್ದನ್ನು, ಹಳಸಿದೆಯೆಂದು ತಿಳಿದೂ, ದಿನಾಲೂ ಕೆಲಸಗಾರರಿಗೆ ಬಡಿಸುತ್ತಾರೆ.

ನಾನು ಕೈ ಮುಗಿದು ಮರಾಠಿಯಲ್ಲಿ ಬಿಡಿಸಿ ಹೇಳಿದೆ. “ಸಾಹೇಬ, ನೀವು ಮರಾಠಿಯಲ್ಲಿ ಆಂಬೀಲ ಎನ್ನುವುದು ಇದನ್ನೇ. ಹಿಟ್ಟನ್ನು ಕುದಿಸಿ, ಆರಿಸಿ, ಇವತ್ತು ಕಡೆದ ಮಜ್ಜಿಗೆ ಕೂಡಿಸಿದ್ದು. ಗಡಿಗೆಯನ್ನು ಕೆಂಡದ ಮೇಲೆ ಬೋರಲು ಹಾಕಿ ಕಾಯಿಸದೆ ಇದನ್ನು ಸುರುವುವುದಿಲ್ಲ. ಇಳಿಹೊತ್ತಿಗೆ ಗಡಿಗೆ ಖಾಲಿ. ಇದು ನಾವು ತಂದ ಹುಳಿ, ತಾನಾಗಿ ಬಂದ ಹುಳಿಯಲ್ಲ.”

ಸಾಹೇಬರ ಮೀಸೆ ಸ್ವಲ್ಪ ಅಲುಗಿತು. ಬರೆದ ಸಾಲನ್ನು ಹೊಡೆದು ಹಾಕಿದರು. ಆದರೆ ಪುಸ್ತಕ ಮುಚ್ಚಲಿಲ್ಲ. “ಹಾಗಾದರೆ ಆ ಮೂವರು ಯಾಕೆ ಮಲಗಿದರು?”

“ನನ್ನ ಅಡುಗೆಮನೆಯಿಂದಲ್ಲ” ಎಂದೆ. ಬೀದಿಯಲ್ಲಿ ಐಸ್ ಹಾಕಿದ ಕಬ್ಬಿನ ಹಾಲು ಕುಡಿದಿದ್ದಾರು ಎಂದೂ ಸೇರಿಸಿದೆ. ಬಾವಿಯಿಂದ ತಾಟಿನ ತನಕ ಒಂದೊಂದೇ ತೋರಿಸುತ್ತೇನೆ ಬನ್ನಿ ಎಂದು ಕರೆದುಕೊಂಡು ಹೊರಟೆ. ಕುದಿಸುವ ಹಂಡೆ ತೋರಿಸಿದೆ, ಕಲಾಯಿ ತೋರಿಸಿದೆ, ಕಾಳು ಆರಿಸುವ ಮೊರ, ಕೈ ತೊಳೆಯುವ ಕಲ್ಲು, ಎದುರು ಮನೆಯ ಎಮ್ಮೆಯನ್ನೂ ತೋರಿಸಿದೆ. ಪ್ರತಿಯೊಂದಕ್ಕೂ ಸಾಹೇಬರು “ಮುಂದೆ?” ಎನ್ನುತ್ತಿದ್ದರು. ನನ್ನ ಎದೆ ಹೆಜ್ಜೆಗೊಂದು ಇಂಚು ಉಬ್ಬುತ್ತಿತ್ತು. ಕೊನೆಗೆ ಅವರು, “ತಾಟಿಗೆ ಬಡಿಸಿದಿರಿ. ಮುಂದೆ?” ಎಂದರು.

ತಾಟಿಗೆ ಬಡಿಸಿದ ಮೇಲೆ ಇನ್ನೇನು ಮುಂದೆ?

“ಏನಂತಾನವಾ?” ಎಂದಳು ಅತ್ತಿ.

“ಬಡಿಸಿದ ಮ್ಯಾಲೆ ಏನ್ ಮಾಡ್ತೀರಿ ಅಂತ ಕೇಳಾಕತ್ತಾರ.”

“ಉಣ್ತಾರ, ಮತ್ತೇನ್ ಮಾಡ್ತಾರ! ಹಿಂಗ ಹೇಳವಗ. ತಡಾ ಬಂದಾವ್ರನ್ನೂ ನಾ ಉಪವಾಸ ಕಳಸಾಕಿ ಅಲ್ಲ. ಹನ್ನೊಂದಕ್ಕ ಅನ್ನಾ, ಕಾಳಪಲ್ಯ ತಾಟಿಗೆ ಹಾಕಿ, ಮ್ಯಾಲೊಂದು ತಾಟು ಬೋರಲ ಹಾಕಿ, ಒಲೀ ಮಗ್ಗಲಾಗ ಬೆಚ್ಚಗ ಇಟ್ಟಿರತೇನಿ. ಆವತ್ತ ಆ ಮೂರೂ ಮಂದಿ ನಾಕಕ್ಕ ಬಂದ್ರೂ ಬೆಚ್ಚನ್ ಅನ್ನಾ ಉಂಡ ಹೋದ್ರು. ಹೇಳ ಹೇಳ, ಬರಕೊಳ್ಳಲಿ.”

ಇದು ನನಗೆ ಗೊತ್ತೇ ಇರಲಿಲ್ಲ; ಬಡಿಸುವ ಹೊತ್ತು ಮುಗಿದೊಡನೆ ನಾನು ಹಿತ್ತಲಿನ ಪಾತ್ರೆಗಳ ಮುಂದೆ ಕೂತುಬಿಡುತ್ತಿದ್ದೆ. ಬೇಸಿಗೆಯ ಸೆಕೆಯಲ್ಲಿ ಹನ್ನೊಂದರಿಂದ ನಾಲ್ಕರ ತನಕ, ಬಿಸಿಯೂ ಅಲ್ಲದೆ ತಣ್ಣಗೂ ಅಲ್ಲದೆ, ಗಾಳಿಯಾಡದ ಎರಡು ತಾಟುಗಳ ನಡುವೆ ಬೆವರುತ್ತ ಕೂತ ಅನ್ನ. ಕೊಲ್ಹಾಪುರದ ಹೋಟೆಲಿನ ಉಸಳಿಯಾದರೂ ದಿನಕ್ಕೊಮ್ಮೆ ಕುದಿ ಕಾಣುತ್ತಿತ್ತು.

“ಆಜೀ ಕಾಯ್ ಮ್ಹಣತಾತ?” ಅಜ್ಜಿ ಏನೆನ್ನುತ್ತಾರೆ ಎಂದು ಸಾಹೇಬರು ಕೇಳಿದರು.

ಅವಳು ಹೇಳಿದ್ದು ಸಾಹೇಬರಿಗೆ ತಿಳಿದಿಲ್ಲ. ಹೇಳಿದ್ದರಲ್ಲಿ ಏನಿದೆಯೆಂದು ಅವಳಿಗೂ ತಿಳಿದಿಲ್ಲ. ಆ ಅಡುಗೆಮನೆಯಲ್ಲಿ ತಿಳಿದವನು ನಾನೊಬ್ಬನೇ. ‘ನೀವು ಊಟ ಮಾಡಿಕೊಂಡೇ ಹೋಗಬೇಕಂತೆ’ ಎಂದರೆ ಮುಗಿದುಹೋಗುತ್ತಿತ್ತು. ನಾಲಿಗೆಯ ತುದಿಯ ತನಕ ಅದು ಬಂದೂ ಇತ್ತು. ಆದರೆ ಮಗ್ಗದ ಮುಂದೆ ನಿಂತವರಿಗೆ ಒಂದು ರೂಢಿ ಅಂಟಿರುತ್ತದೆ. ಎಳೆ ಹರಿದದ್ದು ಕಂಡಮೇಲೂ ಮಗ್ಗ ಓಡಿಸಿದರೆ ಬಟ್ಟೆಯುದ್ದಕ್ಕೂ ಸೀಳು ಬರುತ್ತದೆ, ಮತ್ತು ಅದರ ಮೇಲೆ ನೇಯ್ದವನ ಹೆಸರಿರುತ್ತದೆ. ಕೈ ತಾನಾಗಿ ಹೋಗಿ ಮಗ್ಗ ನಿಲ್ಲಿಸುತ್ತದೆ. ನಾನು ಅತ್ತಿ ಹೇಳಿದ್ದನ್ನು ಒಂದಕ್ಷರ ಬಿಡದೆ ಮರಾಠಿಗೆ ಹಾಕಿದೆ. ಅವತ್ತಿನಷ್ಟು ತೊದಲಿದ ಮರಾಠಿಯನ್ನು ನಾನು ಮತ್ತೆಂದೂ ಆಡಿಲ್ಲ. ತನ್ನನ್ನು ಹೊಗಳುತ್ತಿದ್ದೇನೆಂದು ತಿಳಿದು ಅತ್ತಿ ಪಕ್ಕದಲ್ಲಿ ನಿಂತು ತಲೆಯಾಡಿಸುತ್ತಿದ್ದಳು.

ಸಾಹೇಬರು ಎಲ್ಲವನ್ನೂ ಪುಸ್ತಕದಲ್ಲಿ ಬರೆದುಕೊಂಡರು. ನಿಜ ಹೇಳಿದ್ದಕ್ಕೆ ಪರವಾನಗಿಗೆ ಕೈ ಹಚ್ಚುವುದಿಲ್ಲ ಎಂದರು. ಎರಡು ದಿನ ಬಾಗಿಲು ಮುಚ್ಚಿ, ಸುಣ್ಣ ಬಳಿದು, ಪಾತ್ರೆಯೆಲ್ಲ ಕುದಿನೀರಿಗೆ ಹಾಕಬೇಕು. ಬಡಿಸಿದ ತಾಟು ಕಾಯುತ್ತ ಕೂತದ್ದು ಇನ್ನೊಮ್ಮೆ ಕಂಡರೆ ಬೀಗ. ತಿಂಗಳೊಳಗೆ ತಾವೇ ಬಂದು ನೋಡುತ್ತಾರೆ.

“ಏನಂದ?” ಎಂದಳು ಅತ್ತಿ.

“ಎರಡ ದಿನಾ ಸೂಟಿ ಕೊಟ್ಟಾರ.”

“ಭಾಳ ಛಲೋ ಮನಶ್ಯಾ!”

ಸಂಜೆ ನಿಜ ಹೇಳಿದಾಗ ಅವಳು ಸೆರಗಿನಿಂದ ಮುಖ ಒರೆಸಿಕೊಂಡಳು. “ತಪ್ಪು ನಿಂದಲ್ಲ ಅತ್ತಿ. ತಾಟಿನ ತನಕ ನೂರಾ ಎಂಟು ಕಾಯ್ದೆ ಮಾಡಿದೆ, ತಾಟಿನ ಮುಂದ ಒಂದೂ ಮಾಡಲಿಲ್ಲ” ಎಂದೆ. ಅದಕ್ಕೆ ಅವಳಿಗೆ ಸಿಟ್ಟು ಬಂತು. “ಹಂಗಾರ ತಡಾ ಬಂದಾವ್ರಿಗೆ ನೀನ ಬಡದ ಹಾಕು ರೊಟ್ಟಿ. ಎರಡನೇ ಸಲ ಒಲೀ ಮುಂದ ನಾ ಕುಂದ್ರಂಗಿಲ್ಲ!”

ಮೂರನೇ ದಿನ ಬಾಗಿಲು ತೆರೆದೆ. ಆ ಮೂವರೂ ಬಂದರು, ತಮ್ಮ ಹೊತ್ತಿಗೇ, ಅಂದರೆ ತಡವಾಗಿ. ನಾನು ಒಲೆ ಹೊತ್ತಿಸಿ ಹಿಟ್ಟು ನಾದಿದೆ. ಖಾನಾವಳಿಯ ಮಾಲಕನಾದರೂ ರೊಟ್ಟಿಗೆ ಕೈ ಹಚ್ಚಿದವನಲ್ಲ. ಅಂಚು ಕರಿ, ನಡು ಹಸಿ. ಮೂವರಲ್ಲಿ ರಬಕವಿಯವನು ಅದನ್ನು ಎರಡೂ ಕೈಯಲ್ಲಿ ಎತ್ತಿ ಬೆಳಕಿಗೆ ಹಿಡಿದ.

“ಮಾಲಕರ, ಇದು ರೊಟ್ಟಿಯೋ ಮಗ್ಗದ ಚರ್ಮದ ಪಟ್ಟಾನೋ?”

“ಬಿಸಿ ಐತಿಲ್ಲ? ಉಣ್ಣು.”

“ಉಣ್ತೇನ್ರಿ. ಅತ್ತೀ ಅನ್ನಾ ಒಂದ ದಿನಾ ಅಷ್ಟ ಮಲಗಿಸಿತ್ತು, ಇದು ಎಷ್ಟ ದಿನಾ ಮಲಗಸ್ತೈತೋ!”

ಮರುವಾರದಿಂದ ಆ ಮೂವರು ಹನ್ನೊಂದಕ್ಕೆ ಎಲ್ಲರಿಗಿಂತ ಮುಂದೆ ಕೂತಿರುತ್ತಿದ್ದರು. ಸುದ್ದಿ ಹಬ್ಬಿ, ಉಳಿದವರೂ ಹೊತ್ತು ತಪ್ಪಿಸುವುದನ್ನು ಬಿಟ್ಟರು.

ತಿಂಗಳೊಳಗೆ ಸಾಹೇಬರು ಬಂದರು. ಕಾಯುವ ತಾಟು ಹುಡುಕಿದರು, ಸಿಗಲಿಲ್ಲ. ತಡವಾಗಿ ಬಂದವರಿಗೆ ಏನು ಮಾಡುತ್ತೀಯ ಎಂದರು. ಯಾರೂ ತಡವಾಗಿ ಬರುವುದೇ ಇಲ್ಲ ಎಂದೆ. ಅದನ್ನು ಅವರು ನಂಬಲಿಲ್ಲ. ಬಾಗಿಲ ಬಳಿ ಕುರ್ಚಿ ಹಾಕಿಸಿಕೊಂಡು ನಾಲ್ಕರ ತನಕ ಕೂತರು. ಒಂದು ನರಪಿಳ್ಳೆಯೂ ಬರಲಿಲ್ಲ. ಅಷ್ಟರಲ್ಲಿ ಅವರಿಗೇ ಹಸಿವಾಗಿತ್ತು. ಇದ್ದರೆ ಏನಾದರೂ ಕೊಡು ಎಂದರು.

ಇಟ್ಟದ್ದು ಏನೂ ಇರಲಿಲ್ಲ. ನಾನು ಒಲೆ ಹೊತ್ತಿಸಿ ಹಿಟ್ಟು ನಾದಲು ಕೂತೆ. ಅತ್ತಿ ನಗು ತಡೆಯಲಾಗದೆ ಹಿತ್ತಲಿಗೆ ಎದ್ದುಹೋದಳು. ಎರಡು ತುತ್ತು ಜಗಿದಾದ ಮೇಲೆ ಯಾರೂ ತಡವಾಗಿ ಬರುವುದಿಲ್ಲವೆಂಬ ನನ್ನ ಮಾತಿನಲ್ಲಿ ಸಾಹೇಬರಿಗೆ ನಂಬಿಕೆ ಬಂತು. ಪುಸ್ತಕವನ್ನು ತೆರೆಯಲೂ ಇಲ್ಲ, ಸೈಕಲ್ ಹತ್ತಿಬಿಟ್ಟರು.