ಕ್ಯಾಂಪಿಗೂ ಕಾಡಿಗೂ ನಡುವೆ ಇನ್ನೂರ ಹನ್ನೆರಡು ಕಂಬ

ಬೆಳಿಗ್ಗೆ ಐದೂ ಮುಕ್ಕಾಲು. ಸೇತುವೆ ಪಕ್ಕದ ತಪಾಸಣಾ ಗೇಟಿನಲ್ಲಿ ಲೈನ್‌ಮನ್ ತಮ್ಮ ಚೀಲವನ್ನು ಗೋಣಿತಾಟಿನ ಮೇಲೆ ಸುರಿಯುತ್ತಾರೆ. ಕಟಿಂಗ್ ಪ್ಲೇಯರ್ ಒಂದು, ಸ್ಕ್ರೂಡ್ರೈವರ್ ಎರಡು, ರಬ್ಬರಿನ ಕೈಗವಸು ಒಂದು ಜೊತೆ, ಫ್ಯೂಸ್ ತಂತಿಯ ಸುರುಳಿ, ಊಟದ ಡಬ್ಬಿ. ಗೇಟಿನ ಸೈನಿಕ ಹೊಸಬ. ತಂತಿಯ ಸುರುಳಿಯನ್ನು ಬೂಟಿನ ತುದಿಯಿಂದ ಸರಿಸಿ, "ಇದೇನಿದು?" ಅನ್ನುತ್ತಾನೆ.

"ನಿಮ್ಮ ಕ್ಯಾಂಪಿನ ಫ್ಯಾನು ತಿರುಗೋದು ಇದರಿಂದಾನೇ ಸಾರ್."

ಸೈನಿಕ ನಗುವುದಿಲ್ಲ. ಡಬ್ಬಿಯ ಮುಚ್ಚಳ ತೆಗೆಸಿ, ಅನ್ನದೊಳಗೆ ಚಮಚ ಆಡಿಸಿ ನೋಡಿ, ರಿಜಿಸ್ಟರ್ ಮುಂದಕ್ಕೆ ತಳ್ಳುತ್ತಾನೆ. ಹೆಸರು, ತಂದೆ ಹೆಸರು, ಹೋಗುವ ಕಾರಣ. ಹತ್ತೊಂಬತ್ತು ವರ್ಷದಿಂದ ಲೈನ್‌ಮನ್ ಬರೆಯುತ್ತಿರುವುದು ಇದನ್ನೇ. ಸಂಜೆಯೊಳಗೆ ಇಂಥ ಇನ್ನೂ ಮೂರು ಗೇಟುಗಳಲ್ಲಿ ಚೀಲ ಸುರಿಯಬೇಕು.

ಗೇಟು ದಾಟಿ ಮೊದಲನೇ ಕಂಬದ ಬುಡದಲ್ಲಿ ನಿಂತು ಸಬ್‌ಸ್ಟೇಷನ್‌ಗೆ ಫೋನು ಹಚ್ಚುತ್ತಾರೆ. "ತಂಗಿ, ಮೂರನೇ ಲೈನು?" ಆ ಕಡೆಯಿಂದ ಹೆಂಗಸಿನ ದನಿ: "ಬಂದ್ ಮಾಡಿದೀನಿ ಅಣ್ಣ. ಹತ್ತಿ." ಏಣಿ ಒರಗಿಸಿ ಹತ್ತುತ್ತಾರೆ. ವರದಿಗೆಂದು ಜೊತೆಗೆ ಬಂದ ನನಗೆ ಕೆಳಗೆ ನಿಂತು ನೋಡುವಾಗ ಏನೋ ಸರಿಯಿಲ್ಲ ಅನ್ನಿಸುತ್ತದೆ. ಎಡಗೈ ಮಾತ್ರ ಮೇಲಕ್ಕೆ ಹೋಗುತ್ತದೆ. ಬಲಗೈ ಕಂಬವನ್ನು ಅಪ್ಪಿಕೊಂಡೇ ಇರುತ್ತದೆ. ಅವರ ಬಲಗೈ ಭುಜಕ್ಕಿಂತ ಮೇಲೆ ಏಳುವುದಿಲ್ಲ. ಕೈ ಎತ್ತದೆ ಮಾಡಲಾಗದ ಕೆಲಸವನ್ನು ಹತ್ತು ವರ್ಷದಿಂದ ಒಂದೇ ಕೈ ಎತ್ತಿ ಮಾಡುತ್ತಿದ್ದಾರೆ.

ಊರಿನ ಮಕ್ಕಳಿಗೆ ಇವರು 'ಕರೆಂಟ್ ಮಾವ'. ಐವತ್ತೊಂಬತ್ತು ದಾಟಿದ ಸಣಕಲು ಆಳು. ಹಳೇ ನೀಲಿ ಅಂಗಿಯ ಜೇಬಿನಲ್ಲಿ ಮೂರು ಬಗೆಯ ಗುರುತಿನ ಚೀಟಿ. ಇವರ ಪಾಲಿಗೆ ಇನ್ನೂರ ಹನ್ನೆರಡು ಕಂಬ, ಹದಿನಾಲ್ಕು ಟ್ರಾನ್ಸ್‌ಫಾರ್ಮರ್. ಗುಡ್ಡದ ತಿರುವಿನಲ್ಲಿರುವ ಟ್ರಾನ್ಸ್‌ಫಾರ್ಮರ್ ಒಂದೇ ಏಳು ಸಲ ಸ್ಫೋಟಗೊಂಡಿದೆ. ಗುಂಡಿನ ತೂತಿಲ್ಲದ ಕಂಬ ಎಷ್ಟಿವೆ ಎಂದು ಕೇಳಿದರೆ, "ತೂತಿರೋದನ್ನ ಎಣಿಸೋದು ಬಿಟ್ಟೆ, ತೂತಿಲ್ಲದ್ದನ್ನ ಎಣಿಸೋಕೆ ಬೆರಳು ಸಾಕು" ಅನ್ನುತ್ತಾರೆ.

ಕೆಲಸಕ್ಕೆ ಸೇರಿದಾಗ ಇಪ್ಪತ್ತನಾಲ್ಕು. ಆಗ ಇಲ್ಲಿ ಸೈನ್ಯ ಇರಲಿಲ್ಲ. ಎಷ್ಟೋ ಮನೆಗಳಿಗೆ ಮೊದಲ ಬಲ್ಬು ಹಾಕಿದ್ದು ತಾವೇ ಎಂದು ನೆನೆಯುತ್ತಾರೆ. ಆಮೇಲೆ ಲಾರಿಗಳು ಬಂದವು. ಸ್ವಲ್ಪ ದಿನ ಅಂದರು. ಶಾಲೆಯ ಕಟ್ಟಡದಲ್ಲಿ ಇಳಿದುಕೊಂಡವರು ಇನ್ನೂ ಅಲ್ಲೇ ಇದ್ದಾರೆ. ಮಕ್ಕಳು ಗೊಬ್ಬರದ ಗೋದಾಮಿನಲ್ಲಿ ಓದುತ್ತಾರೆ. ಲಾರಿಗಳು ಬಂದ ಮರುವರ್ಷವೇ ಕಾಡಿನಲ್ಲಿ ಬಂದೂಕು ಕಾಣಿಸಿಕೊಂಡಿತು. ಊರಿನ ಬಾಯಲ್ಲಿ ಈಗ ಇರುವುದು ಎರಡೇ ಮಾತು: ಕ್ಯಾಂಪಿನವರು, ಕಾಡಿನವರು.

ಲೈನ್‌ಮನ್‌ಗೆ ಒಬ್ಬನೇ ತಮ್ಮ. ಸೈಕಲ್ ರಿಪೇರಿ ಮಾಡುತ್ತಿದ್ದ, ಮಾತಿನ ಮಲ್ಲ. ಹತ್ತು ವರ್ಷದ ಹಿಂದೆ ಒಂದು ದಿನ ಗುರುತಿನ ಚೀಟಿ ಮನೆಯಲ್ಲೇ ಮರೆತು ಹೊರಟ. ಗೇಟಿನಲ್ಲಿ ಅವನನ್ನು ಬೆಳಿಗ್ಗೆಯಿಂದ ಸಂಜೆತನಕ ಬಿಸಿಲಿನಲ್ಲಿ ಕುಕ್ಕರುಗಾಲಿನಲ್ಲಿ ಕೂರಿಸಿದರು. ಪರಿಚಯದವರೆಲ್ಲ ಆ ದಾರಿಯಲ್ಲೇ ಓಡಾಡಿದರು; ಯಾರೂ ಕಣ್ಣೆತ್ತಿ ನೋಡುವಂತಿರಲಿಲ್ಲ. "ಮನೆಗೆ ಬಂದವನು ಊಟ ಮಾಡಿದ, ಮಲಗಿದ. ಆಮೇಲೆ ಹದಿನಾಲ್ಕು ದಿನ ಒಂದು ಮಾತಾಡಲಿಲ್ಲ. ಹದಿನೈದನೇ ದಿನ ಹಾಸಿಗೆ ಮಡಚಿಟ್ಟಿತ್ತು, ಅವನಿರಲಿಲ್ಲ."

ಅದಾದ ವಾರಕ್ಕೆ ಕ್ಯಾಂಪಿನವರು ಅಣ್ಣನನ್ನು ಕರೆದೊಯ್ದರು. ನಲವತ್ತೇಳು ದಿನ. ಅವರ ಹೆಂಡತಿ ದಿನಾ ಬುತ್ತಿ ಹಿಡಿದು ಗೇಟಿನ ಮುಂದೆ ನಿಲ್ಲುತ್ತಿದ್ದರು. "ಆ ಹೆಸರಿನವರು ಇಲ್ಲಿ ಯಾರೂ ಇಲ್ಲ ಅನ್ನೋರು," ಎನ್ನುತ್ತಾರೆ ಆಕೆ. "ಇಲ್ಲ ಅಂದ್ರೆ ಬುತ್ತಿ ಯಾಕೆ ಇಸ್ಕೋತೀರಪ್ಪ ಅಂತ ಒಂದಿನ ಕೇಳಿಬಿಟ್ಟೆ. ಅವತ್ತಿಂದ ಬುತ್ತಿನೂ ಇಸ್ಕೊಳ್ಳಲಿಲ್ಲ."

ಒಳಗೆ ನಡೆದದ್ದನ್ನು ಲೈನ್‌ಮನ್ ಎರಡೇ ಮಾತಿನಲ್ಲಿ ಮುಗಿಸುತ್ತಾರೆ. ಕೈಗಳನ್ನು ಹಿಂದಕ್ಕೆ ಕಟ್ಟಿ ತೊಲೆಗೆ ನೇತುಹಾಕಿದ್ದರು. "ತಮ್ಮ ಎಲ್ಲಿ ಅಂತ ಕೇಳ್ತಿದ್ರು. ಗೊತ್ತಿದ್ದಿದ್ರೆ ಹೇಳಿಬಿಡ್ತಿದ್ದೆನೋ ಏನೋ. ಗೊತ್ತಿರಲಿಲ್ಲ. ಅದೇ ನನ್ನ ಪುಣ್ಯ." ನಲವತ್ತೆಂಟನೇ ದಿನ ಟ್ರಾನ್ಸ್‌ಫಾರ್ಮರ್ ಫ್ಯೂಸು ಕೆಟ್ಟು ಕ್ಯಾಂಪಿಗೆ ಕ್ಯಾಂಪೇ ಕತ್ತಲಾಯಿತು. ಆ ಲೈನಿನ ಒಳಹೊರಗು ಬಲ್ಲವರು ಒಳಗೇ ಇದ್ದರು. "ನನ್ನ ಬಿಡಿಸಿದ್ದು ವಕೀಲರಲ್ಲ ಸಾರ್. ಕೆಟ್ಟುಹೋದ ಫ್ಯೂಸು!"

ಬಿಡುಗಡೆ ಎಂದರೆ ಬಾಣಲೆಯಿಂದ ಬೆಂಕಿಗೆ. ಕ್ಯಾಂಪಿಗೆ ಕರೆಂಟ್ ಕೊಡುವವನು ದ್ರೋಹಿ ಎಂದು ಕಾಡಿನವರು ಕಂಬಕಂಬಕ್ಕೂ ಚೀಟಿ ಅಂಟಿಸಿದರು. ಆದರೆ ಕ್ಯಾಂಪಿಗೆ ಹೋಗುವ ತಂತಿಯೇ ಹೆರಿಗೆ ಆಸ್ಪತ್ರೆಗೂ ಹೋಗುತ್ತದೆ, ನೀರಿನ ಪಂಪಿಗೂ ಹೋಗುತ್ತದೆ. "ಅತ್ತ ದರಿ ಇತ್ತ ಪುಲಿ ಅಂತಾರಲ್ಲ, ನಮ್ಮಲ್ಲಿ ದರಿಗೂ ಕರೆಂಟ್ ಬೇಕು, ಪುಲಿಗೂ ಕರೆಂಟ್ ಬೇಕು. ಕಾಡಿನವರೂ ಫೋನು ಚಾರ್ಜ್ ಮಾಡ್ಕೊಳ್ಳೋದು ಊರಿನ ಮನೆಗಳಲ್ಲೇ."

ಆಗ ಜೊತೆಗೊಬ್ಬ ಲೈನ್‌ಮನ್ ಇದ್ದರು. ಎತ್ತರದ ಆಳು, ಏಣಿ ಮರೆತು ಬಂದರೂ ನಡೆಯುತ್ತದೆ ಎಂದು ಎಲ್ಲರೂ ರೇಗಿಸುತ್ತಿದ್ದರು. ಉದ್ದಣ್ಣ ಎಂದೇ ಹೆಸರು. ಆರು ವರ್ಷದ ಹಿಂದೆ ಒಂದು ಸಂಜೆ ಹಾಲಿನವನ ಕೈಯಲ್ಲಿ ಮಡಚಿದ ಚೀಟಿ ಬಂತು. ತಮ್ಮನ ಅಕ್ಷರ. 'ಅಣ್ಣ, ನಾಳೆ ತಿರುವಿನ ಕಂಬ ಹತ್ತಬೇಡ.' ಅಷ್ಟೇ.

ಇಲ್ಲಿಗೆ ಬಂದಾಗ ಅವರ ದನಿ ತಗ್ಗುತ್ತದೆ. "ಚೀಟಿ ಒಲೆಗೆ ಹಾಕಿದೆ. ಬೆಳಿಗ್ಗೆ ಜ್ವರ ಅಂತ ರಜ ಹೇಳಿದೆ. ಉದ್ದಣ್ಣನಿಗೆ ಫೋನ್ ಮಾಡಿ, ಇವತ್ತು ನೀನೂ ಹೋಗಬೇಡ ಕಣೋ ಅಂದೆ. ಯಾಕೆ ಅಂದ. ಯಾಕೆ ಅಂತ ಹೇಳಲಿಲ್ಲ. ಹೇಳಿದ್ರೆ ತಮ್ಮನ ಸುದ್ದಿ ಹೊರಗೆ ಹೋಗುತ್ತೆ, ಮತ್ತೆ ಕ್ಯಾಂಪು, ಮತ್ತೆ ತೊಲೆ. ಹೆದರಿದೆ. ಅವನು, ಆಸ್ಪತ್ರೇಲಿ ಕರೆಂಟಿಲ್ಲ ಕಣಯ್ಯ, ಹಸುಗೂಸುಗಳಿದಾವೆ, ಹೋಗಿ ಹತ್ತು ನಿಮಿಷದಲ್ಲಿ ಬರ್ತೀನಿ ಅಂದ." ಉದ್ದಣ್ಣ ಮೂರನೇ ದಿನ ಹಳ್ಳದ ಬದಿಯಲ್ಲಿ ಸಿಕ್ಕಿದರು. ಸೊಂಟದಲ್ಲಿ ಕಂಬ ಹತ್ತುವ ಬೆಲ್ಟು ಹಾಗೇ ಇತ್ತು. ಎದೆಯ ಮೇಲೆ ದ್ರೋಹಿ ಎಂಬ ಚೀಟಿ.

ಎರಡು ವರ್ಷ ಈ ಗುಟ್ಟನ್ನು ಹೊಟ್ಟೆಯಲ್ಲಿಟ್ಟುಕೊಂಡಿದ್ದರು. ಆಮೇಲೊಂದು ಭಾನುವಾರ ಹೆಂಡತಿಯನ್ನೂ ಕರೆದುಕೊಂಡು ಉದ್ದಣ್ಣನ ಮನೆಗೆ ಹೋಗಿ ಅವರ ಹೆಂಡತಿಯ ಮುಂದೆ ಎಲ್ಲ ಹೇಳಿದರು. ಆಕೆ ಬಟ್ಟೆ ಮಡಚುತ್ತಿದ್ದವರು ಮಡಚುತ್ತಲೇ ಇದ್ದರು. ಕೊನೆಗೆ ಕೇಳಿದ್ದು ಇಷ್ಟೇ: "ಒಂದು ಮಾತು ಹೇಳೋಕೆ ಎರಡು ವರ್ಷ ಬೇಕಾಯ್ತಾ ಅಣ್ಣ?"

ಗಂಡ ಸತ್ತ ಮೇಲೆ ಆಕೆಗೆ ಅನುಕಂಪದ ಆಧಾರದ ಮೇಲೆ ಸಿಕ್ಕಿದ್ದು ಸಬ್‌ಸ್ಟೇಷನ್ನಿನ ಕೆಲಸ. ಇವರು ಕಂಬ ಹತ್ತುವ ಮೊದಲು ಫೋನಿನಲ್ಲಿ 'ಬಂದ್ ಮಾಡಿದೀನಿ' ಅನ್ನುವವರು ಆಕೆಯೇ. ಅಂದರೆ ದಿನವೂ ಇವರ ಜೀವ ಇರುವುದು ಆಕೆಯ ಬೆರಳ ತುದಿಯಲ್ಲಿ. ಆ ಭಾನುವಾರದ ಮರುದಿನ ಬೆಳಿಗ್ಗೆ ಕಂಬದ ಬುಡದಲ್ಲಿ ಏನನ್ನಿಸಿತು ಎಂದು ಕೇಳಿದೆ. "ಫೋನ್ ಮಾಡಿದೆ. ಬಂದ್ ಮಾಡಿದೀನಿ, ಹತ್ತಿ ಅಂದ್ಲು. ಕರೆಂಟ್ ಇದೆಯಾ ಅಂತ ಪರೀಕ್ಷೆ ಮಾಡೋ ಕಡ್ಡಿ ಕೈಲೇ ಇತ್ತು. ಮುಟ್ಟಿಸಿ ನೋಡಲಿಲ್ಲ. ಸುಮ್ಮನೆ ಹತ್ತಿದೆ."

ಸಬ್‌ಸ್ಟೇಷನ್‌ನಲ್ಲಿ ಆಕೆಯನ್ನೂ ಕಂಡೆ. ಸ್ವಿಚ್ಚುಗಳ ಫಲಕದ ಮುಂದೆ ಮರದ ಸ್ಟೂಲು, ನೀರಿನ ಬಾಟಲಿ, ಬರೆಯುವ ಪುಸ್ತಕ. ಕ್ಷಮಿಸಿದ್ದೀರಾ ಎಂದು ಕೇಳಲು ಬಾಯಿ ಬರಲಿಲ್ಲ. ಆಕೆಯೇ ಅಂದರು: "ಕ್ಷಮೆ ಗಿಮೆ ನಂಗೆ ಗೊತ್ತಿಲ್ಲ. ಅಣ್ಣ ಇಳಿದೆ ಅಂತ ಫೋನ್ ಮಾಡೋವರೆಗೂ ನಾನು ಈ ಸ್ಟೂಲ್ ಬಿಟ್ಟು ಏಳಲ್ಲ. ನೀರು ಕುಡಿಯೋಕೂ ಏಳಲ್ಲ. ಇನ್ನೊಂದು ಮನೇಲಿ ಹಂಗಾಗಬಾರದು."

ತಮ್ಮನಿಂದ ಆ ಚೀಟಿಯ ನಂತರ ಸುದ್ದಿಯಿಲ್ಲ. ಚೀಟಿ ಬರೆದಿದ್ದಕ್ಕೇ ಅವನ ಕಡೆಯವರೇ ಏನಾದರೂ ಮಾಡಿದರೋ ಎಂಬ ಅನುಮಾನ ಅವನ ಅತ್ತಿಗೆಯದು, ಅಂದರೆ ಇವರ ಹೆಂಡತಿಯದು. ಲೈನ್‌ಮನ್ ಎದ್ದು ಹೋಗಿ ಕೈಗವಸು ಒಗೆದು ಒಣಗಲು ಹಾಕುತ್ತಾರೆ.

ಎಂಟು ತಿಂಗಳಿಗೆ ನಿವೃತ್ತಿ. ಆಮೇಲೇನು ಎಂದರೆ ಗುಡ್ಡದ ನೆತ್ತಿಯ ಕಡೆ ಮುಖ ಮಾಡುತ್ತಾರೆ. ಅಲ್ಲೊಂದು ಪುಟ್ಟ ಊರಿತ್ತು, ನಲವತ್ತೊಂದು ಮನೆ. ಕಾಡಿನವರಿಗೆ ಅನ್ನ ಸಿಗಬಾರದೆಂದು ಐದು ವರ್ಷದ ಹಿಂದೆ ಕ್ಯಾಂಪಿನವರು ಒಂದೇ ದಿನದಲ್ಲಿ ಖಾಲಿ ಮಾಡಿಸಿದರು. ಜನ ಈಗ ಹೊಳೆದಂಡೆಯ ತಗಡಿನ ಶೆಡ್ಡುಗಳಲ್ಲಿದ್ದಾರೆ.

"ಹೋದ ತಿಂಗಳು ಪರ್ಮಿಷನ್ ತಗೊಂಡು ಹತ್ತಿ ನೋಡಿ ಬಂದೆ. ಮನೆಗಳು ಕುಸಿದಿದಾವೆ, ಕಂಬಗಳು ಮಾತ್ರ ನೆಟ್ಟಗಿವೆ. ತಂತಿ ಎರಡು ಕಡೆ ತುಂಡಾಗಿದೆ ಅಷ್ಟೇ, ಅರ್ಧ ದಿನದ ಕೆಲಸ. ಜನ ಮೊದಲು ವಾಪಸ್ ಹೋಗಲಿ ಸಾರ್. ಅವತ್ತು ಸಂಜೆಗೇ ಲೈನ್ ಕೊಡ್ತೀನಿ. ಅಷ್ಟೊತ್ತಿಗೆ ರಿಟೈರ್ ಆಗಿದ್ರೂ ಪರವಾಗಿಲ್ಲ, ಬಂದು ಕೊಡ್ತೀನಿ."