ಬೇಲಿಯೊಳಗಿನ ಬನ್ನಿ

ಹಸಿ ಜಾಲಿ ಕಡಿದಾಗ ಬರುವ ವಾಸನೆ ನನಗೆ ಆಗಿಬರುವುದಿಲ್ಲ. ಹೋದ ವಾರ ಶಹಾಪುರದಲ್ಲಿ, ನಮ್ಮ ಹೊಲಕ್ಕೆ ಹೊಂದಿಕೊಂಡ ಪಕ್ಕದ ಹೊಲವನ್ನು ಪ್ಲಾಟು ಮಾಡಲು ಜೆಸಿಬಿ ಹಚ್ಚಿದ್ದರು. ಬಳ್ಳಾರಿ ಜಾಲಿಯ ಬೊಡ್ಡೆಗಳು ಬೇರುಸಹಿತ ಮಗುಚಿ ಬಿದ್ದಿದ್ದವು. ಆ ಒಗರು ವಾಸನೆ ಮೂಗಿಗೆ ಬಡಿದದ್ದೇ ತಡ, ಆ ಹೊಲದ ಮಾಸ್ತರು ನೆನಪಾದರು. ಅವರು ತೀರಿಕೊಂಡು ಎಷ್ಟೋ ವರ್ಷವಾಯಿತು. ಸತ್ತವರ ಬಗ್ಗೆ ಒಳ್ಳೆಯದನ್ನೇ ಆಡಬೇಕು ಅನ್ನುತ್ತಾರೆ... ಆಡುವವರು ಆಡಲಿ.

ಮಾಸ್ತರು ನಮಗೆ ಹೈಸ್ಕೂಲಿನಲ್ಲಿ ವಿಜ್ಞಾನ ಕಲಿಸುತ್ತಿದ್ದರು. ಮರುಭೂಮಿಯ ಸಸ್ಯಗಳ ಪಾಠ ಬಂತೆಂದರೆ ಮೊದಲು ಬೋರ್ಡಿನ ಮೇಲೆ ಒಂಟೆ ಬರೆಯುತ್ತಿದ್ದರು. ಅದು ಯಾವಾಗಲೂ ಬೆನ್ನು ಮುರಿದ ಎಮ್ಮೆಯಂತೆ ಕಾಣುತ್ತಿತ್ತು, ನಕ್ಕರೆ ಬೆತ್ತ. ಎಲೆ ಸಣ್ಣದಿದ್ದರೆ ನೀರು ಬೇಗ ಆರುವುದಿಲ್ಲ, ಬೇರು ಆಳಕ್ಕಿಳಿದು ತೇವ ಹುಡುಕುತ್ತದೆ, ಮುಳ್ಳು ಕಾವಲಿಗೆ ಅಂತ ಬಾಯಿಪಾಠ ಮಾಡಿಸುತ್ತಿದ್ದರು. ಕಿಟಕಿಯ ಹೊರಗೆ ಕರಿಜಾಲಿ, ಕಳ್ಳಿ, ಎಕ್ಕ ಎಲ್ಲವೂ ನಮ್ಮ ಊರಿನ ಬಿಸಿಲಿಗೆ ಸೊಪ್ಪು ಹಾಕದೆ ನಿಂತಿದ್ದವು. ಅವುಗಳ ಕಡೆ ಅವರು ಒಮ್ಮೆಯೂ ಬೆರಳು ತೋರಿಸಲಿಲ್ಲ. ಅವರ ಮರುಭೂಮಿ ರಾಜಸ್ಥಾನದಲ್ಲಿತ್ತು, ಇಲ್ಲಿಯವೆಲ್ಲ ಬರೀ ಕಂಟಿ.

ಅವರು ಮನಸಾರೆ ಮೆಚ್ಚಿದ ಗಿಡ ಒಂದೇ, ಬಳ್ಳಾರಿ ಜಾಲಿ. ಅದು ನೀರು ಕೇಳುವುದಿಲ್ಲ, ಗೊಬ್ಬರ ಕೇಳುವುದಿಲ್ಲ. ಪುಕ್ಕಟೆ ಅಂದರೆ ಮಾಸ್ತರು ಯಾವುದನ್ನೂ ಬಿಟ್ಟವರಲ್ಲ. ಮನೆಯ ಅಂಗಳಕ್ಕೂ ಹೊಲಕ್ಕೂ ಅದನ್ನೇ ಬೇಲಿಯಾಗಿ ಹಚ್ಚಿದರು. ಕೆಲವೇ ಮಳೆಗಾಲಗಳಲ್ಲಿ ಅದು ನಮ್ಮಿಬ್ಬರ ಹೊಲಗಳ ನಡುವಿನ ದಾರಿಯನ್ನು ನುಂಗಿತು. ಆ ದಾರಿಯ ಕೊನೆಗೆ, ಗುಡ್ಡದ ಬುಡದಲ್ಲಿ, ಓಣಿಯವರೆಲ್ಲ ದಸರೆಗೆ ಪೂಜೆ ಮಾಡುವ ಬನ್ನಿ ಗಿಡವಿತ್ತು.

ನನ್ನ ಮುತ್ಯಾ, ಅಂದರೆ ಅಪ್ಪನ ಅಪ್ಪ, ಮಾಸ್ತರಿಗಿಂತ ತುಸು ಹಿರಿಯ. ಆದರೂ ಇಬ್ಬರೂ ಸಣ್ಣಂದಿನ ಗೆಳೆಯರು, ಆ ಬನ್ನಿಯ ಕೆಳಗೇ ಆಡು ಮೇಯಿಸಿ ದೊಡ್ಡವರಾದವರು. ಮುತ್ಯಾ ಜಗಳಗಂಟನಲ್ಲ. ಹೋಗಿ ಬರುವಷ್ಟು ದಾರಿ ಬಿಡಿಸಿಕೊಡು ಅಂತ ಕೇಳಿಕೊಂಡ.

“ನಾ ನನ್ನ ಹೊಲದಾಗ ಹಚ್ಚೀನಪ್ಪ,” ಅಂದರು ಮಾಸ್ತರು. “ಅದು ಬೆಳಕೋತ ಹೊರಗ ಬಂದ್ರ ನಾ ಏನ್ ಮಾಡ್ಲಿ? ಅದರ ಗುಣಾನ ಹಂಗ ಅದ.”

ಗಿಡದ ಗುಣವಂತೆ. ಮುತ್ಯಾ ಅವರೊಂದಿಗೆ ಮಾತು ಬಿಟ್ಟ.

ನಮ್ಮ ಕಡೆ ಮಾತು ಬಿಟ್ಟವರು ದಸರೆಯ ದಿನ ಬನ್ನಿ ಕೊಟ್ಟು ಒಂದಾಗುತ್ತಾರೆ. ಕಿರಿಯರು ಹಿರಿಯರ ಮನೆಗೆ ಹೋಗಿ ಎಲೆ ಕೈಗಿಟ್ಟು ಕಾಲು ಮುಟ್ಟಬೇಕು. ಹಿರಿಯರು ತಿರುಗಿ ಬನ್ನಿ ಕೊಟ್ಟರೆ ಹಳೆಯದೆಲ್ಲ ಅಲ್ಲಿಗೆ ಮುಗಿಯಿತು. ಆ ವರ್ಷ ಮುತ್ಯಾ ಜಾಲಿಯೊಳಗೆ ನುಸುಳಿಕೊಂಡು ಹೋಗಿ ಬನ್ನಿ ತಂದ. ಧೋತರ ಹರಿದಿತ್ತು, ಮೊಣಕೈಯಿಂದ ರಕ್ತ ಇಳಿಯುತ್ತಿತ್ತು. ಗೆಳೆಯ ಬರುತ್ತಾನೆಂದು ಸಂಜೆಯವರೆಗೆ ಕಟ್ಟೆಯ ಮೇಲೆ ಕಾದ. ಬರಲಿಲ್ಲ. ಕೊನೆಗೆ ಹಿರಿಯನಾದ ತಾನೇ ಎದ್ದು ಹೊರಟ, ನನ್ನನ್ನೂ ಕರೆದುಕೊಂಡು.

ಮಾಸ್ತರು ಅಂಗಳದಲ್ಲಿ ಕುರ್ಚಿ ಹಾಕಿಕೊಂಡು ಕೂತಿದ್ದರು. ಮುತ್ಯಾ ಬನ್ನಿಯನ್ನು ಅವರ ಕೈಗಿಟ್ಟು, “ತಗೋ ದೋಸ್ತ, ಬಂಗಾರದಂಗ ಇರೋಣು,” ಅಂದ. ತಗೊಂಡರು. ಆ ರಕ್ತ ಯಾತರದು ಅಂತ ಕೇಳಲಿಲ್ಲ. ತಿರುಗಿ ಕೊಡಲು ಅವರ ಬಳಿ ಬನ್ನಿ ಇರಲಿಲ್ಲ. ತಾವೇ ದಾರಿ ಮುಚ್ಚಿಕೊಂಡು ಕೂತವರಿಗೆ ಎಲ್ಲಿಂದ ಬರಬೇಕು? ಕೂತಲ್ಲಿಂದಲೇ ಕೈ ಚಾಚಿ, ಬೇಲಿಯ ಬಳ್ಳಾರಿ ಜಾಲಿಯ ಚಿಗುರು ಮುರಿದು ಮುತ್ಯಾನ ಅಂಗೈಯಲ್ಲಿಟ್ಟರು.

“ಎರಡೂ ಒಂದ ಕುಲದ್ದು. ಎಲಿ ನೋಡು, ಫರಕ್ ಎಲ್ಲಿ ಅದ?”

ವಿಜ್ಞಾನದ ಪ್ರಕಾರ ಅದು ಸುಳ್ಳಲ್ಲ ಅಂತ ಮುಂದೆ ಕಾಲೇಜಿನಲ್ಲಿ ಓದಿದೆ. ನಿಜವನ್ನೇ ಹೇಳಿ ಇಷ್ಟು ಅಸಹ್ಯ ಹುಟ್ಟಿಸಬೇಕಾದರೆ ಮನುಷ್ಯ ಎಂಥ ಸಣ್ಣವನಾಗಿರಬೇಕು. ಮುತ್ಯಾ ಆ ಚಿಗುರನ್ನು ಕಟ್ಟೆಯ ಮೇಲಿಟ್ಟು ಹೊರಬಿದ್ದ. ದಾರಿಯುದ್ದಕ್ಕೂ ಆಡಿದ್ದು ಒಂದೇ ಮಾತು.

“ಅವಂಗ ಬನ್ನಿ ಬ್ಯಾಡಾಗಿತ್ತು, ಆಗ್ಲಿ. ನಾನೂ ಬ್ಯಾಡಾದೆ ನೋಡವ್ವ.”

ಮುಂದಿನ ದಸರೆಗೆ ಮುತ್ಯಾ ಇರಲಿಲ್ಲ. ಅವನ ಮಣ್ಣಿಗೆ ಬಂದ ಮಾಸ್ತರು ಟವೆಲ್ಲಿನಿಂದ ಕಣ್ಣೊರೆಸಿಕೊಳ್ಳುತ್ತ, “ಮಾತು ಬಿಟ್ಟಾಂವ ಅಂವ. ನಾ ಬನ್ನಿ ಕೊಟ್ಟಿದ್ದೆ,” ಅಂತ ಬಂದವರಿಗೆಲ್ಲ ಹೇಳುತ್ತಿದ್ದರು. ಜನ ಹೌದೆಂದು ತಲೆಯಾಡಿಸಿದರು. ಕಣ್ಣೀರು ನಿಜವಾದದ್ದೇ ಇರಬೇಕು... ನನಗೆ ಮಾತ್ರ ಅದನ್ನು ಕಂಡು ಮೈ ಉರಿಯಿತು.

ಹೋದ ವಾರ ಆ ಜೆಸಿಬಿಯವನು ಯಂತ್ರ ನಿಲ್ಲಿಸಿ ನನ್ನ ಬಳಿಗೆ ಬಂದ.

“ಅಕ್ಕಾರ, ನಡುವ ಒಂದ್ ಒಣಾ ಗಿಡ ಅದರಿ. ಅದೂ ಜಾಲಿನ ಏನ್ರಿ?”

“ಬನ್ನಿ,” ಅಂದೆ.

“ಹಂಗಾದ್ರ ನಾ ಕೈ ಹಚ್ಚಂಗಿಲ್ರಿ.”

“ಜಾಲಿ ಸುತ್ತ ಮುತ್ತಿ ಅದು ಸತ್ತು ಭಾಳ ವರ್ಷ ಆಗ್ಯಾವಪ್ಪ,” ಅಂದೆ.

ಮಗುಚಿದ ಬೊಡ್ಡೆಗಳನ್ನು ದಾಟಿಕೊಂಡು ಗಿಡದವರೆಗೆ ನಡೆದೆ. ಒಂದು ಬೀಡಿ ಸೇದಿ ಮುಗಿಸುವುದರೊಳಗೆ ಮುಟ್ಟುವಷ್ಟು ದೂರ. ಇಷ್ಟು ನೆಲಕ್ಕಾಗಿ ಮಾಸ್ತರು ಮುತ್ಯಾನಂಥ ಗೆಳೆಯನನ್ನು ಕಳೆದುಕೊಂಡರು, ಕಳೆದುಕೊಂಡದ್ದು ಸಾಯುವವರೆಗೂ ಅವರ ತಲೆಗೆ ಹೋಗಲಿಲ್ಲ. ನನಗೆ ಮುತ್ಯಾ ಇನ್ನೂ ಬೇಕಾಗಿದ್ದ. ಒಣಗಿದ ಬೊಡ್ಡೆಗೆ ಕೈ ಹಚ್ಚಿ ನಿಂತು, ಅಲ್ಲೇ ಅತ್ತೆ.