ನಫೀಸಾಗೆ ನಾನು ಹೇಳಿದ ಸುಳ್ಳು

"ನಿಮ್ಮೂರಿನ ರೇಡಿಯೋ ಸ್ಟೇಷನ್ ಈಗ ಯಾರ ಕೈಯಲ್ಲಿದೆ?"

ಇಂಗ್ಲಿಷರ ರಾಜಧಾನಿಯ ಅಂಚಿನಲ್ಲಿರುವ ಹೇಸ್‌ನ ಬಾಡಿಗೆ ಮನೆಯಲ್ಲಿ ಮೊದಲ ಸಲ ಚಹಾ ಕಾಸುತ್ತಿದ್ದಾಗ ಪಕ್ಕದ ಕೋಣೆಯ ಹೆಂಗಸು ಇಂಗ್ಲಿಷಿನಲ್ಲಿ ನನ್ನನ್ನು ಕೇಳಿದ ಮೊದಲ ಪ್ರಶ್ನೆ ಇದು. ಹೆಸರು ಕೇಳಲಿಲ್ಲ, ಕೆಲಸ ಕೇಳಲಿಲ್ಲ. ನಾನು ತಬ್ಬಿಬ್ಬಾದೆ. ಧಾರವಾಡದ ಆಕಾಶವಾಣಿಯನ್ನು ಯಾರಾದರೂ ವಶಪಡಿಸಿಕೊಳ್ಳಬಹುದು ಎಂದು ನನಗೆ ಜನ್ಮದಲ್ಲೇ ಹೊಳೆದಿರಲಿಲ್ಲ. ಅಲ್ಲಿ ವಚನ ಬರುತ್ತದೆ, ರೈತರಿಗೆ ಸಲಹೆ ಬರುತ್ತದೆ ಎಂದೆ. ಅವಳು ನಗಲಿಲ್ಲ. "ಪುಣ್ಯವಂತರು. ನಮ್ಮಲ್ಲಿ ಬೆಳಗ್ಗೆ ರೇಡಿಯೋದಲ್ಲಿ ಬರೀ ಮಿಲಿಟರಿ ಬ್ಯಾಂಡು ಕೇಳಿಸಿತೆಂದರೆ ಸರ್ಕಾರ ಬಿತ್ತು ಅಂತ ಅರ್ಥ. ಅವತ್ತು ಮಕ್ಕಳನ್ನು ಶಾಲೆಗೆ ಕಳಿಸುವುದಿಲ್ಲ."

ಅವಳು ನಫೀಸಾ. ಸುಡಾನಿನ ಒಮ್ದುರ್ಮಾನ್ ಊರಿನಲ್ಲಿ ಭೂಗೋಳ ಕಲಿಸುತ್ತಿದ್ದ ಟೀಚರು. ಇಲ್ಲಿ ಗೋದಾಮಿನಲ್ಲಿ ವಿಮಾನದ ಊಟದ ತಟ್ಟೆ ತುಂಬುತ್ತಾಳೆ. ನಾನು ಸರ್ಕಾರಿ ಆಸ್ಪತ್ರೆಯೊಂದರಲ್ಲಿ ಫಿಸಿಯೋಥೆರಪಿಸ್ಟ್. ನನ್ನದು ಇಲ್ಲಿನವರು ಬಾಕ್ಸ್ ರೂಮ್ ಎನ್ನುವ ಕೋಣೆ. ಹೆಸರಿಗೆ ತಕ್ಕಂತೆ ಪೆಟ್ಟಿಗೆಯೇ. ಮಂಚ ಹಾಕಿದರೆ ಬಾಗಿಲು ಪೂರ್ತಿ ತೆರೆಯದು. ಧಾರವಾಡದಲ್ಲಿ ನಮ್ಮ ಕಟ್ಟೆಯ ಮೇಲೆ ಕೂತರೆ ಹತ್ತು ಜನ ಮಾತಾಡಿಸುತ್ತಾರೆ. ಇಲ್ಲಿ ಎರಡು ತಿಂಗಳಾದರೂ ಎದುರುಮನೆಯವರ ಮುಖ ಗೊತ್ತಾಗಲಿಲ್ಲ.

ನಮ್ಮಿಬ್ಬರನ್ನು ಹತ್ತಿರ ಮಾಡಿದ್ದು ಜೋಳ. ಈಸ್ಟ್ ಹ್ಯಾಮ್‌ನ ಅಂಗಡಿಯಿಂದ ಹಿಟ್ಟು ತಂದು ನಾನು ರೊಟ್ಟಿ ಬಡಿಯತೊಡಗಿದ ದಿನ ನಫೀಸಾ ಓಡಿಬಂದು ಹಿಟ್ಟಿಗೆ ಮೂಗು ಹಚ್ಚಿ ನಿಂತುಬಿಟ್ಟಳು. ಅವರಲ್ಲೂ ಜೋಳವೇ ಊಟ. ಹಿಟ್ಟು ಹುಳಿ ಬರಿಸಿ, ಕಾದ ಹಂಚಿನ ಮೇಲೆ ನಮ್ಮ ದೋಸೆಗಿಂತ ತೆಳ್ಳಗೆ ಹರಡುತ್ತಾರೆ. ಅದಕ್ಕೆ ಕಿಸ್ರಾ ಎಂದು ಹೆಸರು. ಒಣಬೆಂಡೆಯ ಸಾರಿನ ಜೊತೆ ತಿನ್ನುತ್ತಾರೆ. ಆ ಊಟದ ಮುಂದೆ ಕೂತೇ ಅವಳು ತನ್ನ ತಮ್ಮ ಯಾಸಿರನ ಸುದ್ದಿ ಹೇಳಿದ್ದು. ಅವನು ನೀರಿನ ಪಂಪು ರಿಪೇರಿ ಮಾಡುವವನು. ಮೊದಲು ಬಂಡುಕೋರರ ಪಡೆ ಬಂದು ಮನೆ ದೋಚಿತು. ಆಮೇಲೆ ಸೈನ್ಯ ಬಂತು. "ಅವರು ಬಂದಾಗ ನೀನು ಯಾಕೆ ಓಡಿಹೋಗಲಿಲ್ಲ? ಅವರ ಕಡೆಯವನೇ ಇರಬೇಕು" ಎಂದು ಅವನನ್ನು ಎಳೆದೊಯ್ದಿತು. ಅಷ್ಟೇ. ಮತ್ತೆ ಸುದ್ದಿಯಿಲ್ಲ.

ಸೈನ್ಯಕ್ಕೊಬ್ಬ, ಬಂಡುಕೋರರಿಗೊಬ್ಬ, ಇಬ್ಬರು ಜನರಲ್‌ಗಳ ಜಗಳ. ಇಬ್ಬರಿಗೂ ಹೊರಗಿನ ದೇಶಗಳ ಬೆಂಬಲ. ಚಿನ್ನ ಹೊರಗೆ ಹೋಗುತ್ತದೆ, ಡ್ರೋನ್ ಒಳಗೆ ಬರುತ್ತದೆ. ಅವಳ ದೇಶವನ್ನೂ ನನ್ನ ದೇಶವನ್ನೂ ಆಳಿ ಉಂಡ ಈ ಊರಿನಲ್ಲಿ, ಆಶ್ರಯ ಕೋರಿ ಹೋದಾಗ ಅಧಿಕಾರಿಯೊಬ್ಬ ಅವಳನ್ನು ಕೇಳಿದನಂತೆ, "ಇಲ್ಲಿಗೇ ಯಾಕೆ ಬಂದೆ?" ಕೇಳಿ ನನ್ನ ಮೈ ಉರಿಯಿತು. ಆ ಉರಿ ನಮ್ಮವರ ಮೇಲೂ ತಿರುಗುತ್ತದೆಂದು ಆಗ ಗೊತ್ತಿರಲಿಲ್ಲ.

ಯುಗಾದಿಗೆ ರೇನರ್ಸ್ ಲೇನ್‌ನಲ್ಲಿರುವ ಮೈಸೂರಿನ ಹಿರಿಯ ಡಾಕ್ಟರೊಬ್ಬರು ಕನ್ನಡದವರನ್ನೆಲ್ಲ ಊಟಕ್ಕೆ ಕರೆದಿದ್ದರು. ಹಬ್ಬದ ದಿನ ಒಬ್ಬಳೇ ಇರುವುದು ಬೇಡವೆಂದು ನಫೀಸಾಳನ್ನೂ ಕರೆದೊಯ್ದೆ. ಡಾಕ್ಟರು ಅವಳಿಗೆ ತಾವೇ ಹೋಳಿಗೆ ಬಡಿಸಿದರು, ಮೇಲೆ ತುಪ್ಪ ಹಾಕಿದರು. ಸುಡಾನ್ ಎಂದಾಗ ಇಂಗ್ಲಿಷಿನಲ್ಲಿ ಮರುಗಿದರು. ಮರುಕ್ಷಣವೇ ನಮ್ಮ ಕಡೆ ತಿರುಗಿ ಕನ್ನಡದಲ್ಲಿ ಅಂದರು:

"ಈ ಜನಕ್ಕೆಲ್ಲಾ ಡೆಮಾಕ್ರಸಿ ಒಗ್ಗಲ್ಲ ಕಣ್ರೀ. ಬೆತ್ತ ಹಿಡಿದ ಒಬ್ಬ ಗಟ್ಟಿ ಜನರಲ್ ಬೇಕು. ನಮ್ಮ ದೇಶಕ್ಕೂ ಒಂದೈದು ವರ್ಷ ಮಿಲಿಟರಿ ರೂಲ್ ಬರ್ಲಿ, ಎಲ್ಲಾ ನೆಟ್ಟಗಾಗ್ತಾರೆ."

ಎಲ್ಲರೂ ನಕ್ಕರು. ಕಾಲೇಜಿನಲ್ಲಿ ನಾನೂ ಇದೇ ಮಾತು ಆಡಿದ್ದೆ. ಬಸ್ಸು ತಡವಾದರೆ, ಆಫೀಸಿನಲ್ಲಿ ಕೆಲಸ ಆಗದಿದ್ದರೆ ನಮಗೆ ಥಟ್ಟನೆ ಸೈನ್ಯ ನೆನಪಾಗುತ್ತದೆ.

ನಫೀಸಾ ನನ್ನ ತೋಳು ಮುಟ್ಟಿದಳು. "ಏನಂದರು?"

"ಹೋಳಿಗೆ ವಿಷಯ" ಎಂದೆ.

ಅವಳು ಅವರ ಕಡೆ ತಿರುಗಿ, ತುಂಬಾ ರುಚಿಯಾಗಿದೆ ಎಂದು ಕೈಮುಗಿದಳು.

ಮನೆಗೆ ಮರಳುವಾಗ ಬಸ್ಸಿನಲ್ಲಿ ತಡೆಯಲಾರದೆ ನಿಜ ಹೇಳಿದೆ. "ಅವರ ಮೇಲೆ ನನಗೆ ಸಿಟ್ಟಿಲ್ಲ. ಅವರಿಗೆ ಗೊತ್ತಿಲ್ಲ. ನಿನಗೆ ಯಾಸಿರ್ ಗೊತ್ತು. ಅವರ ಭಾಷೆಯೂ ಗೊತ್ತು" ಎಂದಳು.

ಮುಂದಿನ ಭಾನುವಾರ ಒಬ್ಬಳೇ ಡಾಕ್ಟರ ಮನೆಗೆ ಹೋದೆ. ಯಾಸಿರನ ಕಥೆ ಹೇಳಿ, "ಆ ಗಟ್ಟಿ ಜನರಲ್ ನಿಮ್ಮ ಮಗನ್ನ ಎಳಕೊಂಡು ಹೋದ್ರ ಯಾರನ್ನ ಕೇಳತೀರಿ, ಸರ್?" ಎಂದೆ. ಸಿಟ್ಟು ಬಂದರೆ ನನ್ನ ಬಾಯಿಗೆ ಧಾರವಾಡವೇ ಬರುತ್ತದೆ.

ಅವರ ಮುಖ ಕೆಂಪಾಯಿತು. "ಏನೋ ಮಾತಿಗೆ ಅಂದೆ, ಶಾರದಾ. ಯಾರೋ ಹೊರಗಿನವರಿಗೋಸ್ಕರ ನಮ್ಮವರ ಮೇಲೇ ಜಗಳಕ್ಕೆ ಬರ್ತೀರಲ್ಲ."

ಅವರ ಹೆಂಡತಿ ಬಾಗಿಲವರೆಗೆ ಬಂದು, "ನೀವು ಬರ್ತಾ ಇರಿ. ಆದ್ರೆ ಈ ವಿಷಯ ಬೇಡಮ್ಮಾ" ಎಂದು ಮೆಲ್ಲಗೆ ಹೇಳಿದರು.

ಮತ್ತೆ ನಾನು ಹೋಗಿಲ್ಲ. ನಡೆದದ್ದನ್ನು ತಿಳಿಸಿದಾಗ ನಫೀಸಾ ಶಹಭಾಸ್ ಎನ್ನಲಿಲ್ಲ, ಒಂದು ಬಟ್ಟಲು ಚಹಾ ಸುರಿದು ಮುಂದಿಟ್ಟಳು. ಯಾಸಿರನ ಸುದ್ದಿ ಇನ್ನೂ ಬಂದಿಲ್ಲ. ರೇನರ್ಸ್ ಲೇನ್‌ನ ಆ ಗದ್ದಲ, ಆ ಕನ್ನಡ, ನಿಜ ಹೇಳಬೇಕೆಂದರೆ, ನನಗೆ ಬೇಕೆನ್ನಿಸುತ್ತದೆ. ಬೇಕೆನ್ನಿಸುವುದಕ್ಕೂ ಸಿಟ್ಟು ಬರುತ್ತದೆ.

ಮೊನ್ನೆ ಅವ್ವ ಫೋನಿನಲ್ಲಿ ಕೇಳಿದಳು, "ಅಲ್ಲೆ ನಮ್ಮ ಮಂದಿ ಯಾರರ ಅದಾರೇನ ಶಾರೂ?"

"ಅದಾರವ್ವಾ" ಎಂದೆ.

"ಯಾವೂರವರು?"

ನಾನು ಬಾಯಿ ತೆರೆದೆ. ಮೈಸೂರು ಎನ್ನಲೋ, ಒಮ್ದುರ್ಮಾನ್ ಎನ್ನಲೋ, ಊರಿನ ಹೆಸರು ಮಾತ್ರ ಹೊರಗೆ ಬರಲಿಲ್ಲ.